ನಾದ ನಿಲ್ಲಿಸಿದವನು

ದರ್ಜಿಯಮ್ಮನಿಗೆ ಅಂದು ತಲೆನೋವು ಬರದೆ ಹೋಗಿದ್ದರೆ ಶಾಕಣ್ಣನಿಗೆ ನೌಕರಿ ಸಿಕ್ಕೇ ಸಿಗುತ್ತಿತ್ತು.

ಶಾಕಣ್ಣ ಎಂಬುದು ಬೀದಿಯವರು ಇಟ್ಟ ಹೆಸರು. ಹದಿನೆಂಟು ವರ್ಷ ಕಂಡವರ ಮನೆಯ ವೈರು ಮುಟ್ಟಿ ಮುಟ್ಟಿ ಬೆಚ್ಚಿಬಿದ್ದವನಿಗೆ ಬೇರೆ ಯಾವ ಹೆಸರು ಒಪ್ಪೀತು? ಅಂದು ನಾಲ್ಕು ಗಂಟೆಗೆ ಅವನು ನೀರು ಸರಬರಾಜು ಕಚೇರಿಗೆ ಹೋಗಬೇಕಿತ್ತು. ಅಲ್ಲೊಂದು ಎಲೆಕ್ಟ್ರಿಷಿಯನ್ ಕೆಲಸ ಖಾಲಿಯಿತ್ತು, ಪರ್ಮನೆಂಟು. ಮೊದಲು ಬಂದು ನಿಂತವನಿಗೇ ಕೆಲಸ ಎಂದು ಅಲ್ಲಿನ ಸಾಹೇಬರು ತೀರ್ಮಾನಿಸಿದ್ದರು. ಈ ಗುಟ್ಟನ್ನು ಹೆಂಡತಿಯ ಸೋದರಮಾವ ಹೇಗೋ ಪತ್ತೆಹಚ್ಚಿದ್ದ. ಊರಲ್ಲಿ ಮತ್ತೊಂದು ನರಪಿಳ್ಳೆಗೂ ಗೊತ್ತಿರಲಿಲ್ಲ.

ಬೆಳಿಗ್ಗೆ ಹತ್ತೂವರೆಗೆ ದರ್ಜಿಯಮ್ಮ ಕರೆದಳು. "ಮೇಲಿನ ಹಾಲ್‌ನಲ್ಲಿ ದಿನಾ ಏನೋ ಗುಂಯ್ ಅನ್ನುತ್ತಣ್ಣಾ. ನನ್ನ ಮೆಷಿನ್ ಸದ್ದು ಸಾಲದು ಅಂತ ಇದು ಬೇರೆ, ತಲೆ ಸಿಡೀತಾ ಇದೆ. ಬೀಗದ ಕೈ ನನ್ನ ಹತ್ರನೇ ಇದೆ, ಒಂದು ಸಲ ನೋಡ್ಬಾ."

"ಐದು ನಿಮಿಷದ ಕೆಲಸ ಬಿಡಕ್ಕ," ಎಂದ ಶಾಕಣ್ಣ. ಜಗತ್ತಿನ ದೊಡ್ಡ ದೊಡ್ಡ ಅನಾಹುತಗಳೆಲ್ಲ ಐದು ನಿಮಿಷದ ಕೆಲಸದಿಂದಲೇ ಶುರುವಾಗಿರುವುದು.

ಹಾಲ್‌ನಲ್ಲಿ ಖಾಲಿ ಕುರ್ಚಿಗಳಿದ್ದವು. ಮೇಲೆ ಹಲಗೆ ಹೊಡೆದ ಅಟ್ಟದ ಕಡೆಯಿಂದ ಸದ್ದು ಬರುತ್ತಿತ್ತು, ಗುಡಾಣದಲ್ಲಿ ಸಿಕ್ಕಿಬಿದ್ದ ದುಂಬಿಯ ಹಾಗೆ. ಶಾಕಣ್ಣ ಮೇನ್ ಸ್ವಿಚ್ ಆಫ್ ಮಾಡಿ ಎರಡು ಸ್ಕ್ರೂ ಬಿಗಿದ. ಸದ್ದು ನಿಂತಿತು. ಸ್ವಿಚ್ ಹಾಕಿದ. ಆಗಲೂ ಇಲ್ಲ.

"ನಿಂತ್ಹೋಯ್ತಕ್ಕಾ!" ಎಂದು ಅವನು ಕಿಟಕಿಯಿಂದ ಕೂಗುವುದಕ್ಕೂ, ಬಾಗಿಲಲ್ಲಿ ಹನ್ನೊಂದು ಜನ ಬಂದು ನಿಲ್ಲುವುದಕ್ಕೂ ಸರಿಹೋಯಿತು.

ಅದು ವಿಶ್ವನಾದ ಸಾಧಕರ ಸಂಘ. ಸೃಷ್ಟಿ ಹುಟ್ಟಿದಾಗ ಎದ್ದ ಸದ್ದಿನಲ್ಲಿ ಉಳಿದ ಒಂದು ತುಣುಕು ತಮ್ಮ ಹಾಲ್‌ನ ಅಟ್ಟದಲ್ಲಿ ನೆಲೆಸಿದೆ ಎಂಬುದು ಅವರ ನಂಬಿಕೆ. ಆ ನಾದ ಹತ್ತಕ್ಕೆ ಶುರುವಾಗಿ ಆರಕ್ಕೆ ನಿಲ್ಲುತ್ತಿತ್ತು, ಭಾನುವಾರ ಇರುತ್ತಿರಲಿಲ್ಲ. ಮಧ್ಯಾಹ್ನ ಅರ್ಧ ಗಂಟೆ ಮೌನ. ಸೃಷ್ಟಿಗೆ ಈ ಶಿಸ್ತು ಎಲ್ಲಿಂದ ಬಂತು ಎಂಬುದರ ಬಗ್ಗೆ ಸಂಘದ ವಕೀಲರು ನಾನೂರು ಪುಟ ಬರೆದಿದ್ದರು.

"ಯಾರಯ್ಯಾ ನೀನು?" ಎಂದರು ಅಧ್ಯಕ್ಷರು. ನಿವೃತ್ತ ಹೆಡ್‌ಮಾಸ್ಟರು, ಆ ದನಿ ಕೇಳಿ ಶಾಕಣ್ಣನ ಕಾಲು ತಾನಾಗಿಯೇ ಹತ್ತಿ ನಿಲ್ಲಲು ಬೆಂಚು ಹುಡುಕಿತು.

"ರಿಪೇರಿಯವನು ಸಾರ್. ಸರಿ ಮಾಡಿದೀನಿ."

ಕಾರ್ಯದರ್ಶಿಯಾಗಿದ್ದ ಹಲ್ಲಿನ ಡಾಕ್ಟರಮ್ಮ ಕಿವಿಗೆ ಕೈ ಹಚ್ಚಿ ಕೇಳಿದರು. ಆಮೇಲೆ ಕುರ್ಚಿಗೆ ಕುಸಿದರು. "ಸಾವಿರ ಕೋಟಿ ವರ್ಷದಿಂದ ಇದ್ದದ್ದು! ಸ್ಕ್ರೂಡ್ರೈವರಲ್ಲಿ ನಿಲ್ಲಿಸಿಬಿಟ್ಟನಲ್ಲಾ!"

ವಕೀಲರು ನಿಯಮಾವಳಿ ಬಿಚ್ಚಿದರು. "ನಿಯಮ ಒಂಬತ್ತು. ನಾದ ನಿಲ್ಲಿಸಿದವನು ನಾದ ತರಿಸಿಕೊಡುವ ತನಕ ಹೊಸ್ತಿಲು ದಾಟತಕ್ಕದ್ದಲ್ಲ." ಬಾಗಿಲಿಗೆ ಒಳಗಿನಿಂದ ಬೀಗ ಬಿತ್ತು. ಬೀಗದ ಕೈ ಹೆಡ್‌ಮಾಸ್ಟರ ಕೋಟಿನ ಜೇಬು ಸೇರಿತು.

ಶಾಕಣ್ಣ ಬಿಗಿದ ಸ್ಕ್ರೂ ಸಡಿಲಿಸಿದ. ಏನೂ ಆಗಲಿಲ್ಲ. ಟ್ಯೂಬ್‌ಲೈಟಿನ ಚೋಕ್ ಕೆಡಿಸಿ ಝುಂಯ್ ಅನ್ನಿಸಿದ.

"ಇದು ಸೊಳ್ಳೆ," ಎಂದರು ಅಧ್ಯಕ್ಷರು.

ಡ್ರಿಲ್ಲಿಗೆ ಬಟ್ಟೆ ಸುತ್ತಿ ತಿರುಗಿಸಿದ.

"ಇದು ನನ್ನ ಕ್ಲಿನಿಕ್ಕು," ಎಂದು ಡಾಕ್ಟರಮ್ಮ ತಮ್ಮ ದವಡೆಯನ್ನೇ ಹಿಡಿದುಕೊಂಡರು.

ನೀರಿನ ಮೋಟರು ಹಾಕಿಸಿದ. "ಸೃಷ್ಟಿಗೆ ಮೊದಲು ಯಾರ ಮನೆ ಟ್ಯಾಂಕ್ ತುಂಬಬೇಕಿತ್ತಯ್ಯಾ?" ಎಂದು ವಕೀಲರು ಪಾಟೀಸವಾಲು ಹಾಕಿದರು.

ಎರಡೂವರೆಗೆ ಫೋನ್ ಬಡಿದುಕೊಂಡಿತು. ಶಾಕಣ್ಣನ ಹೆಂಡತಿಯ ದನಿಗೆ ಫೋನು ಬರಿಯ ಶಾಸ್ತ್ರಕ್ಕೆ; ಮನೆ ಬಾಗಿಲು ತೆರೆದಿಟ್ಟಿದ್ದರೆ ಸಾಕು, ಕೇಳುತ್ತಿತ್ತು.

"ಎಲ್ಲಿ ಸತ್ತಿದೀರಿ? ನೀರಿನ ಕಚೇರಿ, ಎರಡನೇ ಮಹಡಿ, ನಾಲ್ಕು ಗಂಟೆ! ಮೊದಲು ಹೋದವರಿಗೇ ಕೆಲಸ, ಒಂದು ಕಾಗದಾನೂ ಕೇಳಲ್ವಂತೆ! ಇದೂ ತಪ್ಪಿದ್ರೆ ನಾನು ಮಾವನಿಗೆ ಯಾವ ಮುಖ ತೋರಿಸ್ಲಿ?"

"ಹೊರಟೇಬಿಟ್ಟೆ ಕಣೇ," ಎಂದ ಶಾಕಣ್ಣ, ಬೀಗ ನೋಡುತ್ತ.

ಮೂರೂಕಾಲಿಗೆ ಅವನಿಗೆ ಕೊನೆಯ ಉಪಾಯ ಹೊಳೆಯಿತು. "ಸಾರ್, ಅಟ್ಟದೊಳಗೇ ಹೋಗಿ ನೋಡ್ತೀನಿ. ನೀವೆಲ್ಲ ಕಣ್ಮುಚ್ಚಿ ಕೂತ್ಕೊಳ್ಳಿ. ನಾದಕ್ಕೂ ನಾಚಿಕೆ ಇರುತ್ತಲ್ವಾ?" ವಿಷಯ ಅವರಿಗೆ ನಾಟಿತು. ಹನ್ನೊಂದು ಜೋಡಿ ಕಣ್ಣು ಮುಚ್ಚಿದವು.

ಏಣಿ ಹತ್ತಿ, ಹಲಗೆ ಸರಿಸಿ, ಕತ್ತಲಲ್ಲಿ ಬೋರಲಾಗಿ ಮಲಗಿ ಶಾಕಣ್ಣ ಬಾಯಿ ಬಿಗಿಹಿಡಿದು ಮೂಗಿನಿಂದ ಗುಂಯ್‌ಗುಟ್ಟಿದ.

ಕೆಳಗೆ ಯಾರೋ ಬಿಕ್ಕಿ ಅತ್ತರು. "ಬಂತು! ಬಂತು ನಮ್ಮಪ್ಪ!" ಎಂದರು ವಕೀಲರು.

ಇನ್ನು ಐದು ನಿಮಿಷ ಇವರನ್ನು ತೇಲಿಸಿ, ಇಳಿದು ಬೀಗ ತೆಗೆಸಿಕೊಂಡರೆ ನಾಲ್ಕಕ್ಕೆ ಕಚೇರಿ ಮುಟ್ಟಬಹುದು ಎಂದು ಶಾಕಣ್ಣ ಲೆಕ್ಕ ಹಾಕುತ್ತಿರುವಾಗ ಅವನ ಹೆಗಲ ಮೇಲೆ ಒಂದು ಕೈ ಬಿತ್ತು.

"ಶ್ರುತಿ ಒಂಚೂರು ಇಳಿಸಪ್ಪಾ," ಎಂದು ಯಾರೋ ಪಿಸುಗುಟ್ಟಿದರು. "ನಿಲ್ಲಿಸ್ಬೇಡ ಮಾತ್ರ! ನಿಲ್ಲಿಸಿದ್ರೆ ಹನ್ನೊಂದು ಜನಾನೂ ಮೇಲಕ್ಕೆ ಬರ್ತಾರೆ."

ಶಾಕಣ್ಣನ ಎದೆ ನಿಂತಿತು; ಮೂಗು ನಿಲ್ಲಲಿಲ್ಲ. ಪಕ್ಕದಲ್ಲಿ, ದಿಂಬಿಗೆ ಒರಗಿ, ನಲವತ್ತು ದಾಟಿದ ಒಬ್ಬ ಮನುಷ್ಯ ಕೂತಿದ್ದ. ಎದುರಿಗೊಂದು ಪುಟ್ಟ ಫ್ಯಾನು.

"ಹೆದರ್ಕೋಬೇಡ. ನಾನೂ ರಿಪೇರಿಯವನೇ. ಹದಿನಾಲ್ಕು ವರ್ಷದ ಹಿಂದೆ ಇದೇ ಹಾಲ್‌ನಲ್ಲಿ ಒಂದು ಹಾಳು ಫ್ಯಾನಿನ ಸದ್ದು ನಿಲ್ಲಿಸಿಬಿಟ್ಟೆ. ನಿಯಮ ಒಂಬತ್ತು. ನಿನ್ನ ಹಾಗೇ ಮೇಲೆ ಬಂದು, ಒಂದಿನ ಗುಂಯ್‌ಗುಟ್ಟಿ ಹೋಗೋಣ ಅಂದ್ಕೊಂಡೆ. ಮರುದಿನ ನಾದಕ್ಕೆ ಅಂತ ಊಟ ಇಟ್ರು. ಕೈಯಡುಗೆ ಚೆನ್ನಾಗಿತ್ತು, ಉಳ್ಕೊಂಡೆ. ಇಷ್ಟು ವರ್ಷದಿಂದ ಊಟದ ಡಬ್ಬಿ ಖಾಲಿಯಾಗ್ತಿದೆ, ಒಬ್ಬ ಪುಣ್ಯಾತ್ಮನೂ ಯಾಕೆ ಅಂತ ಕೇಳಲಿಲ್ಲ ನೋಡು."

"ಗುಂಯ್?" ಎಂದ ಶಾಕಣ್ಣ.

"ಬೆಳಿಗ್ಗೆ ನೀನು ಮೇನ್ ಆಫ್ ಮಾಡಿದೆಯಲ್ಲ, ನನ್ನ ಫ್ಯಾನ್ ನಿಂತಿತು. ಸೆಖೆಗೆ ಗುಂಯ್ ಬಿಟ್ಟು ಉಸ್ಸಪ್ಪಾ ಅಂದೆ. ಅಷ್ಟರಲ್ಲಿ ನೀನು ಅದನ್ನ ನಿಲ್ಲಿಸಿದವನು ನಾನೇ ಅನ್ನೋ ಹಾಗೆ ಕೂಗಿಬಿಟ್ಟೆ. ಹೊಣೆ ಹೊರೋಕೆ ಒಬ್ಬ ಸಿಕ್ಕಿದ ಮೇಲೆ ಇನ್ನು ನನಗ್ಯಾಕಪ್ಪ?" ಆತ ಚಪ್ಪಲಿ ಮೆಟ್ಟಿ, ಕೂದಲು ನೀವಿಕೊಂಡು, ಹಿಂದಿನ ಗೋಡೆಯ ಕಿಂಡಿಯ ಬಾಗಿಲು ಮೆಲ್ಲಗೆ ತೆರೆದ. ಅದರಾಚೆ ಪಕ್ಕದ ಕಟ್ಟಡದ ಮೆಟ್ಟಿಲು ಕಂಡಿತು.

"ಗುಂಯ್! ಗುಂಯ್!" ಎಂದು ಶಾಕಣ್ಣ ಅವನ ಅಂಗಿ ಹಿಡಿದ.

"ಬಿಡಪ್ಪಾ, ಹೊತ್ತಾಯ್ತು," ಎಂದು ಆತ ಬೆರಳು ಒಂದೊಂದೇ ಬಿಡಿಸಿದ. "ನೀರಿನ ಕಚೇರೀಲಿ ಒಂದು ಕೆಲಸ ಖಾಲಿ ಇದೆ. ಎರಡನೇ ಮಹಡಿ, ನಾಲ್ಕು ಗಂಟೆ. ನಿನ್ನ ಹೆಂಡ್ತಿ ದೇವತೆಯಂಥವರು, ಎಷ್ಟು ಬಿಡಿಸಿ ಹೇಳಿದ್ರು!"

ಕಿಂಡಿ ಮುಚ್ಚಿಕೊಂಡಿತು. ಆಚೆಯಿಂದ ಅಗುಳಿ ಬಿದ್ದ ಸದ್ದಾಯಿತು. ಶಾಕಣ್ಣನ ಹೊಟ್ಟೆಯಿಂದೆದ್ದ ಬೈಗುಳಗಳೆಲ್ಲ ಬಾಯಿ ಸಿಗದೆ ಮೂಗಿಗೆ ನುಗ್ಗಿದವು. ಹಲಗೆ ಹಲಗೆಯೂ ನಡುಗಿತು.

"ಆಹಾ!" ಎಂದರು ಕೆಳಗೆ ಅಧ್ಯಕ್ಷರು, ಕಣ್ಣು ತೆರೆಯದೆಯೇ. "ಇಷ್ಟು ವರ್ಷ ಬರೀ ಸದ್ದಿತ್ತು. ಇವತ್ತು ಭಾವ ಬಂದಿದೆ."