ಭಾಕಣೂಕ ಬಲ್ಲ ಮಾಸ್ತರ

ಒಂದು ಶಬ್ದದ ಅರ್ಥ ಗೊತ್ತಿಲ್ಲದೆ ಪಡುವ ಪಾಡು ಒಂದು ತರಹ, ಗೊತ್ತಾದ ಮೇಲೆ ಪಡುವ ಪಾಡು ಇನ್ನೊಂದು ತರಹ. ಗಡಿಯಲ್ಲಿ ಕನ್ನಡ ಮಾಸ್ತರಿಕೆ ಮಾಡುವವನಿಗೆ ಎರಡೂ ತಪ್ಪುವುದಿಲ್ಲ.

ಹಸಿದ ಹೊಟ್ಟೆ

ನಾನು ಅಥಣಿ ಕಡೆಯ ಸತ್ತಿ ಎಂಬ ಊರಿನವನು. ನಿಪ್ಪಾಣಿ ಹತ್ತಿರದ ಹಳ್ಳಿಯ ಶಾಲೆಗೆ ವರ್ಗವಾಗಿ ಬಂದ ಹೊಸತರಲ್ಲಿ ಹೆಡ್‌ಮಾಸ್ತರು, "ನಾಳೆ ಗುಡಿಯಾಗ ಭಾಕಣೂಕ ಐತ್ರಿ, ಬರ್ರಿ" ಎಂದರು. ಮರಾಠಿಯಲ್ಲಿ ಭಾಕರಿ ಎಂದರೆ ರೊಟ್ಟಿ, ಅಷ್ಟು ನನಗೆ ಗೊತ್ತಿತ್ತು. ಭಾಕಣೂಕ ಅದರ ದೊಡ್ಡಣ್ಣನಿರಬೇಕೆಂದು ಬೆಳಗಿನ ಉಪ್ಪಿಟ್ಟನ್ನೂ ಬಿಟ್ಟು ಹೋದೆ. ಮಧ್ಯಾಹ್ನವಾದರೂ ಪಂಕ್ತಿ ಹಾಕುವ ಸುಳಿವಿಲ್ಲ. ಕೊನೆಗೆ ಪೂಜಾರಿ ಮೈದುಂಬಿ ಬಂದು, ಈ ವರ್ಷ ಜೋಳ ತುಟ್ಟಿಯಾಗುತ್ತದೆ ಎಂದು ನುಡಿದ. ಜನ ಭಂಡಾರದ ಅರಿಶಿನ ಹಾರಿಸಿ ಮನೆಗೆ ಹೊರಟರು. ಭಾಕಣೂಕ ಎಂದರೆ ದೇವರು ಹೇಳುವ ಭವಿಷ್ಯವೆಂದು ಆಗ ತಿಳಿಯಿತು. ನನ್ನ ಮಟ್ಟಿಗೆ ಜೋಳ ಅಂದೇ ತುಟ್ಟಿಯಾಗಿತ್ತು.

ಶಬ್ದದ ಮೂಲ

ಭಾಕಣೆ ಎಂದರೆ ಮುಂದಾಗುವುದನ್ನು ನುಡಿಯುವುದು, ಅದರಿಂದ ಭಾಕಣೂಕ ಬಂತೆಂದು ನಮ್ಮ ಮರಾಠಿ ಮಾಸ್ತರು ವಿವರಿಸಿದರು. ನಾನು ಸುಮ್ಮನಿರಬಹುದಿತ್ತು. ನಮ್ಮಲ್ಲಿ ಇದಕ್ಕೆ ಕಾರ್ಣಿಕ ಅನ್ನುತ್ತಾರೆ, ಅದು ಕಾರಣದಿಂದ ಹುಟ್ಟಿದ ಶಬ್ದ, ಆದ್ದರಿಂದ ತೂಕ ಹೆಚ್ಚು ಎಂದೆ. ಮಕ್ಕಳ ಪುಣ್ಯ, ಎರಡು ಪಿರಿಯಡ್ ಪಾಠ ನಡೆಯಲಿಲ್ಲ. ಹೆಡ್‌ಮಾಸ್ತರು ಬಂದು ತೀರ್ಪು ಕೊಟ್ಟರು: "ದೇವರು ಕನ್ನಡದಾಗ ಹೇಳಿದ್ರೂ ತಿಳಿಯಂಗಿಲ್ಲ, ಮರಾಠಿಯಾಗ ಹೇಳಿದ್ರೂ ತಿಳಿಯಂಗಿಲ್ಲ. ಮೂಲ ತಗೊಂಡು ಏನ್ ಮಾಡ್ತೀರಿ?"

ಎಮ್ಮೆ ಮತ್ತು ವರ್ಗಾವಣೆ

ಶಬ್ದದ ಅರ್ಥ ಬಲ್ಲವನಿಗೆ ಭವಿಷ್ಯವೂ ಬರುತ್ತದೆಂದು ಊರು ತೀರ್ಮಾನಿಸಿತು. ಒಂದೇ ಎಮ್ಮೆಯ ಹಾಲಿನಲ್ಲಿ ಸಂಸಾರ ನಡೆಸುವ ಅಜ್ಜಿಯೊಬ್ಬಳು ಬಂದಳು. ಹೋದ ಸಲ ಹುಟ್ಟಿದ್ದು ಗಂಡುಗರು. ಈ ಸಲವೂ ಹಾಗಾದರೆ ಎಮ್ಮೆಗೆ ವಯಸ್ಸಾದ ಮೇಲೆ ತನ್ನ ಗತಿ ಏನೆಂಬುದು ಅವಳ ಚಿಂತೆ. ನಾನು ಶಬ್ದದ ಮೂಲದಿಂದ ಶುರು ಮಾಡಿದೆ. ಅವಳು ತಾಳ್ಮೆಯಿಂದ ಕೇಳಿ, "ಅದಿರಲಿ, ಹೆಣ್ಣೋ ಗಂಡೋ ಅಷ್ಟ ಹೇಳ್ರಿ" ಎಂದಳು.

"ಹೆಣ್ಣೂ ಆಗಬಹುದು, ಗಂಡೂ ಆಗಬಹುದಬೇ."

ಅಜ್ಜಿ ಕೈಮುಗಿದು ಹೋದಳು. ಎಮ್ಮೆ ಅವಳಿ ಈಯಿತು: ಒಂದು ಹೆಣ್ಣು, ಒಂದು ಗಂಡು. ಅಜ್ಜಿ ಗಿಣ್ಣ ತಂದುಕೊಟ್ಟು, ಊರಿಗೆಲ್ಲ ಸುದ್ದಿಯನ್ನೂ ಹಂಚಿದಳು.

ಮರುದಿನ ಹೆಡ್‌ಮಾಸ್ತರು ಬಾಗಿಲು ಮುಂದೆ ಮಾಡಿಕೊಂಡು, ತಮಗೆ ರಾಯಬಾಗಕ್ಕೆ ವರ್ಗ ಆಗುತ್ತದೋ ಇಲ್ಲವೋ ಎಂದು ಮೆಲ್ಲಗೆ ಕೇಳಿದರು. ಆದರೂ ಆಗಬಹುದು, ಆಗದೆಯೂ ಇರಬಹುದು ಎಂದೆ. ಸೋಮವಾರ ಆದೇಶ ಬಂತು. ಮಂಗಳವಾರ ರದ್ದಾಯಿತು.

ಹೆಡ್‌ಮಾಸ್ತರು ಈಗ ನಾನಿರುವ ಕೋಣೆಗೆ ಚಪ್ಪಲಿ ಹೊರಗೆ ಬಿಟ್ಟು ಬರುತ್ತಾರೆ.