ಕರದಂಟು ಕಾಣುವ ಕನ್ನಡಕ

ಕಣ್ಣು ಕಾಣದವರಿಂದ ನಮಗೆ ಎಂದೂ ತೊಂದರೆಯಾಗಿಲ್ಲ. ಚಂದ ಕಾಣಬೇಕು ಅನ್ನುವವರದೇ ಕಾಟ. ಗೋಕಾಕದಲ್ಲಿ ನಮ್ಮದು ಕನ್ನಡಕದ ಅಂಗಡಿ. ಯಜಮಾನರು ಕಣ್ಣು ನೋಡುತ್ತಾರೆ, ಗಿರಾಕಿಗಳ ಗೋಳು ಕೇಳುವ ಖಾತೆ ನನ್ನದು. ಈಚೆಗೆ ಒಂದು ಹೊಸ ನಮೂನೆ ಬಂತು. ಅದರ ಕಡ್ಡಿಗೆ ಬಾಯಿ ಹಚ್ಚಿ ‘ಇಂಥಾದ್ದು ಹೀಗೆ ಕಾಣಲಿ’ ಅಂದರೆ ಸಾಕು, ಹಾಕಿಕೊಂಡವರಿಗೆ ಹಾಗೇ ಕಾಣುತ್ತದೆ. ವಸ್ತು ಇದ್ದಂಗೇ ಇರುತ್ತದೆ, ನೋಟವಷ್ಟೇ ಬದಲು. ಇದನ್ನು ಎಲ್ಲ ಗಿರಾಕಿಗಳಿಗೂ ಬಿಡಿಸಿ ಹೇಳುತ್ತಿದ್ದೆ. ಯಾರೂ ಕೇಳಿಸಿಕೊಳ್ಳಲಿಲ್ಲ, ನನ್ನನ್ನೂ ಸೇರಿಸಿ.

ನಗುವ ಹೆಂಡತಿ

ಮೊದಲು ಒಯ್ದವರು ಮೂಡಲಗಿಯ ಬೆಲ್ಲದ ವ್ಯಾಪಾರಿ. ಮರುವಾರವೇ ತಿರುಗಿ ತಂದರು.

“ಕೆಟ್ಟೇತೇನ್ರಿ ಕಾಕಾ?”

“ಕೆಟ್ಟಿಲ್ಲವಾ. ಹೆಂಡ್ತಿ ನಕ್ಕೋತ ಇದ್ದಂಗ ಕಾಣ್ಲಿ ಅಂದಿದ್ನಿ. ಹಂಗ ಕಾಣ್ತಾಳ.”

“ಮತ್ತೇನಾತ್ರಿ?”

“ಈ ಸಲ ತವರಮನಿಗೆ ಹೋಗೂದು ಬ್ಯಾಡ ಅಂದ್ನಿ. ನಕ್ಕಳು. ಒಪ್ಪಿದ್ಲು ಅಂತ ನಾನೂ ನಕ್ಕೆ. ಈಗ ಆಕಿ ತವರಮನ್ಯಾಗ ಅದಾಳ, ನಾ ಖಾನಾವಳ್ಯಾಗ.”

ಬಿರುಸು ಕರದಂಟು

ನಮ್ಮ ಅತ್ತೆಗೆ ಸಕ್ಕರೆ ಕಾಯಿಲೆ. ‘ಮುಂದಿನ ಸಲ ಇಳಿದಿರದಿದ್ದರೆ ದಿನಾ ಸೂಜಿ’ ಎಂದು ಹುಕ್ಕೇರಿಯ ಡಾಕ್ಟರು ಹೆದರಿಸಿ ಕಳಿಸಿದ್ದರು. ಅತ್ತೆಗೆ ಸೂಜಿ ಅಂದರೆ ಎಷ್ಟು ಹೆದರಿಕೆ ಅಂದರೆ ಕುಪ್ಪಸದ ಗುಂಡಿಯನ್ನೂ ನನ್ನ ಕೈಯಲ್ಲೇ ಹಚ್ಚಿಸುತ್ತಾರೆ. ಆದರೆ ಅಂಟು ಬೆಲ್ಲದ ಕರದಂಟು ಬಿಡುವವರಲ್ಲ, ಇರುವುದೋ ಅದಕ್ಕೇ ಹೆಸರಾದ ಗೋಕಾಕದಲ್ಲಿ.

ನಾನು ಒಂದು ಕನ್ನಡಕದ ಕಡ್ಡಿಗೆ ‘ಖಡಕ್ ರೊಟ್ಟಿ ಕರದಂಟಿನಂತೆ ಕಾಣಲಿ’ ಎಂದು ಹೇಳಿ, ಹೊಸ ನಂಬರಿನದು ಅಂತ ಅತ್ತೆಯ ಮೂಗಿಗೇರಿಸಿದೆ.

“ಇದ್ಯಾಕ ಇಷ್ಟ ಬಿರುಸೈತಿ?” ಅಂದರು, ಕಟಂ ಅನ್ನಿಸುತ್ತ.

“ಅಂಟು ಹೆಚ್ಚಾಗೇತ್ರಿ ಅತ್ತಿ.”

“ಬೆಲ್ಲ ಎಲ್ಲೈತಿ?”

“ಸಕ್ಕರಿ ಇದ್ದವರಿಗಂತನ ಬ್ಯಾರೆ ಮಾಡಿದ್ದು ಅದು.”

ಹಲ್ಲಿಗೆ ಬೈದುಕೊಳ್ಳುತ್ತ ತಿಂದರು. ಎಲ್ಲ ನೆಟ್ಟಗೇ ನಡೆದಿತ್ತು, ನಾದಿನಿಯ ಅತ್ತೆ ಮೂಡಲಗಿಯಿಂದ ಬರುವ ತನಕ. ಬೀಗರನ್ನು ಗೋಕಾಕದಿಂದ ಕರದಂಟು ಕಟ್ಟದೆ ಕಳಿಸಿದರೆ ಮಾನ ಉಳಿಯುತ್ತದೆಯೇ? ನಾನು ಅಂಗಡಿಯಲ್ಲಿದ್ದೆ. ಅತ್ತೆ ತಾವೇ ಡಬ್ಬಿ ತುಂಬಿ, ಅರಿಶಿನ ಕುಂಕುಮ ಹಚ್ಚಿ ಕಳಿಸಿಕೊಟ್ಟಿದ್ದರು.

ಸಂಜೆ ನಾದಿನಿಯ ಫೋನು. ಕೈಯಲ್ಲಿ ಹಿಟ್ಟಿತ್ತು, ಸ್ಪೀಕರ್ ಹಾಕಿದೆ.

“ವೈನಿ, ನಮ್ಮತ್ತಿ ಓಣಿ ಹೆಂಗಸರನ್ನೆಲ್ಲ ಕರದು ಡಬ್ಬಿ ಬಿಚ್ಚ್ಯಾರ. ಬರೇ ರೊಟ್ಟಿ ತುಣುಕು. ‘ಪಲ್ಯ ಹಿಂದಿಂದ ಬರತೈತೇನು ಕೇಳು’ ಅನ್ನಾಕತ್ತಾರ.”

ಹುಕ್ಕೇರಿಯ ತಪಾಸಣೆ

ಬಾಜೂ ಕುಳಿತಿದ್ದ ಅತ್ತೆ ಕನ್ನಡಕ ಬಿಚ್ಚಿದರು. ತಾಟಿನ ಕಡೆ ನೋಡಿದರು. ನನ್ನ ಕಡೆ ನೋಡಿದರು. ಕಡ್ಡಿಗೆ ಹೇಳಿದ ಗುಟ್ಟೆಲ್ಲ ಒಪ್ಪಿಸಿದೆ. “ಇನ್ನ ಮ್ಯಾಲ ಖರೇ ರೊಟ್ಟಿನ ತಿಂತೇನಿ ಬಿಡು,” ಅಂದರು. ಒಂದು ಬೈಗುಳವಿಲ್ಲ. ಅಲ್ಲೇ ನಾನು ಹೆದರಬೇಕಿತ್ತು.

ನನ್ನ ಮೂಗಿನ ಮೇಲೂ ಅಂಥದೇ ಒಂದಿತ್ತು. ಮನೆ ಕಸ ಹೊಡೆದಂತೆ ಕಾಣಲಿ ಎಂದಷ್ಟೇ ಅದಕ್ಕೆ ಹೇಳಿದ್ದೆ. ಜಳಕಕ್ಕೆ ಹೋಗುವಾಗ ಅಡುಗೆಮನೆಯ ಗೂಡಿನಲ್ಲಿ ಬಿಚ್ಚಿಡುತ್ತಿದ್ದೆ.

ಅಂದಿನಿಂದ ಅತ್ತೆ ಮುಂಜಾನೆ ಸಂಜೆ ನನ್ನ ಎದುರೇ ಕೂತು ರೊಟ್ಟಿ ತಿಂದರು. ಸುಖವಾಗಿ, ಕಣ್ಣು ಮುಚ್ಚಿಕೊಂಡು. ವಯಸ್ಸಾದ ಮೇಲೂ ಮನುಷ್ಯರು ತಿದ್ದಿಕೊಳ್ಳುತ್ತಾರೆ ಎಂದು ಯಜಮಾನರಿಗೆ ಭಾಷಣ ಮಾಡಿದೆ.

ಹುಕ್ಕೇರಿಯಲ್ಲಿ ರಕ್ತ ನೋಡಿದರೆ ಸಕ್ಕರೆ ಏರಿತ್ತು.

“ಏನ ತಿಂತೀರಿ ಅವ್ವಾರ?” ಡಾಕ್ಟರು ಕೇಳಿದರು.

“ಸೊಸಿನ್ನ ಕೇಳ್ರಿ. ಆಕಿ ಕಣ್ಣಮುಂದನ ತಿಂತೇನಿ.”

“ರೊಟ್ಟಿ ಬಿಟ್ಟು ಬ್ಯಾರೆ ಮುಟ್ಟಿಲ್ರಿ ಡಾಕ್ಟರ್, ಬೇಕಾದ್ರ ನೋಡ್ರಿ,” ಎಂದು ಅತ್ತೆಯ ಚೀಲದಿಂದ ದಾರಿಯ ಬುತ್ತಿ ತೆಗೆದು, ಮುಚ್ಚಳ ಬಿಚ್ಚಿ ಮೇಜಿನ ಮೇಲಿಟ್ಟೆ. ಅತ್ತೆ ಮೇಲೆ ಫ್ಯಾನು ನೋಡತೊಡಗಿದರು.

ಡಾಕ್ಟರು ಡಬ್ಬಿಯನ್ನು ನೋಡಿದರು. “ಇದು ರೊಟ್ಟಿ ಏನ್ರಿ?”

“ಹೌದ್ರಿ. ಜ್ವಾಳದ ರೊಟ್ಟಿ.”

“ಅವರದು ಆಮ್ಯಾಲ ನೋಡೂಣು. ಮೊದಲ ನಿಮ್ಮ ಕಣ್ಣು ತೋರಿಸ್ಕೋರಿ. ಯಾವ ಅಂಗಡ್ಯಾಗ ಮಾಡಿಸೀರಿ ಈ ಕನ್ನಡಕ?”

ಕನ್ನಡಕ ಬಿಚ್ಚಿ ಮೇಜಿನ ಮೇಲಿಟ್ಟು ನೋಡಿದೆ. ಗೋಡಂಬಿ, ಉತ್ತತ್ತಿ, ಕೊಬ್ಬರಿ ಎಲ್ಲ ನನ್ನನ್ನೇ ನೋಡುತ್ತಿದ್ದವು.

“ಅತ್ತೀ, ಇದಕ್ಕ ಏನ ಹೇಳೀರಿ?”

“ನೀ ನನ್ನದಕ್ಕ ಹೇಳಿದ್ದನ್ನ ತಿರುಗಿಸಿ ಹೇಳೇನಿ,” ಅಂದರು.

ಆದರೆ ಸೂಜಿ ತಪ್ಪಲಿಲ್ಲ. ಈಗಿಂದಲೇ ಶುರು ಎಂದು ಡಾಕ್ಟರು ಸಿಸ್ಟರನ್ನು ಕರೆದರು. ಅತ್ತೆಯ ಮುಖ ಬಿಳಿಚಿತು. ನನಗೂ ಪಾಪ ಅನ್ನಿಸಿ ಕೈ ಹಿಡಿಯಲು ಹೋದೆ. ಅವರು ನನ್ನ ಕೈ ಸರಿಸಿ, ಮೇಜಿನ ಮೇಲಿದ್ದ ನನ್ನ ಕನ್ನಡಕ ತೆಗೆದುಕೊಂಡು, ಕಡ್ಡಿಗೆ ಏನೋ ಪಿಸುಗುಟ್ಟಿ ಹಾಕಿಕೊಂಡರು. ಸಿಸ್ಟರು ಚುಚ್ಚಿದರು. ಅತ್ತೆ ಕಿಸಕ್ಕನೆ ನಕ್ಕರು.

“ನೋವಾಗಲಿಲ್ಲೇನ್ರಿ ಅವ್ವಾರ?”

“ನನಗೆಲ್ಲಿ? ಸೊಸಿಗೆ ಚುಚ್ಚಿದಂಗ ಕಾಣ್ತು. ಇನ್ನೊಂದ ಹಾಕ್ರಿ.”