ಐತವಾರ ನಾಲ್ಕು ಗಂಟೆಯ ತಂಡಕ್ಕೆ ಸೇರಿಸಿಕೊಳ್ಳುವ ಕುರಿತು

ಇಂದ,
ಪ್ರಭಾಕರ ವೆಂಕಟೇಶ ಗಲಗಲಿ,
ಉಪ ವ್ಯವಸ್ಥಾಪಕ (ಬ್ಯಾಂಕಿನ ಮರ್ಯಾದೆಯ ದೃಷ್ಟಿಯಿಂದ ಬ್ಯಾಂಕಿನ ಹೆಸರು ಕೈಬಿಡಲಾಗಿದೆ),
ಸುಧಾಕರ ಶೆಟ್ಟರ ಹೋಟೆಲಿನ ಮೇಲಿನ ಕೋಣೆ,
ದೇವಳಾಲಿ ಕ್ಯಾಂಪ್, ನಾಶಿಕ್.

ಗೆ,
ಮಾನ್ಯ ಮುಖ್ಯಸ್ಥರು,
ಆಟಗಾರರ ಜೋಡಣೆ ವಿಭಾಗ,
‘ಕಿಲ್ಲಾ ಕಮಾಂಡೋ’ ಆನ್‌ಲೈನ್ ಆಟ.

ವಿಷಯ: ಹನ್ನೆರಡು ಐತವಾರಗಳಿಂದ ಅರ್ಜಿದಾರನನ್ನು ಸ್ವಂತ ಮಗಳ ತಂಡ ಒಂದನ್ನು ಬಿಟ್ಟು ಜಗತ್ತಿನ ಉಳಿದೆಲ್ಲ ತಂಡಗಳಿಗೆ ಸೇರಿಸುತ್ತಿರುವ ಜೋಡಣೆ ದೋಷದ ಬಗ್ಗೆ.

ಉಲ್ಲೇಖ: 1) ತಮ್ಮ ಕಂಪ್ಯೂಟರ್ ಕೊಟ್ಟ ಒಂಬತ್ತು ಉತ್ತರಗಳು. 2) ಕುಮಾರಿ ರುಚಿತಾ ಗಲಗಲಿಯ ಮೌಖಿಕ ಆಹ್ವಾನ, ದಿ. 8-7-2018. 3) ವಂಚನೆ ತಡೆ ಕುರಿತು ಅರ್ಜಿದಾರನ ಬ್ಯಾಂಕಿನ ಸುತ್ತೋಲೆ.

ಮಾನ್ಯರೇ,

ಮೇಲ್ಕಂಡ ವಿಷಯಕ್ಕೆ ಹೋಗುವ ಮುನ್ನ ಎರಡು ಸ್ಪಷ್ಟೀಕರಣ. ಇಪ್ಪತ್ತೆಂಟು ವರ್ಷ ಬ್ಯಾಂಕಿನ ಪತ್ರ ಬರೆದು ಬರೆದು ‘ನಾನು’ ಎಂಬ ಪದ ಈ ಪೆನ್ನಿನಿಂದ ಇಳಿಯುವುದಿಲ್ಲ. ಆದ್ದರಿಂದ ‘ಅರ್ಜಿದಾರ’ ಎಂದಿರುವಲ್ಲೆಲ್ಲ ಮೇಲೆ ವಿಳಾಸ ಕೊಟ್ಟ ಬಡಪಾಯಿಯನ್ನೇ ತಿಳಿಯತಕ್ಕದ್ದು. ಎರಡನೆಯದು, ಇದು ಕನ್ನಡದಲ್ಲಿರುವುದು ಉದ್ದೇಶಪೂರ್ವಕ. ಇಂಗ್ಲಿಷಿನಲ್ಲಿ ಬರೆದಾಗಲೆಲ್ಲ ತಮ್ಮ ಉತ್ತರ ಮೂರು ಸೆಕೆಂಡಿನಲ್ಲಿ ಬಂತು. ಮೂರು ಸೆಕೆಂಡಿನಲ್ಲಿ ಅರ್ಜಿ ಓದಿ ಉತ್ತರ ಬರೆಯುವ ಮನುಷ್ಯ ಯಾವ ಕಚೇರಿಯಲ್ಲೂ ಇಲ್ಲ. ಕನ್ನಡದಲ್ಲಿ ಬರೆದರೆ ಓದಿಸಲಿಕ್ಕಾದರೂ ತಾವು ಒಬ್ಬ ಮನುಷ್ಯನನ್ನು ಹುಡುಕಬೇಕಾಗುತ್ತದೆ ಎಂಬ ಆಸೆಯಿಂದ ಹೀಗೆ ಮಾಡಲಾಗಿದೆ.

1. ಅರ್ಜಿದಾರ ಮೂಲತಃ ವಿಜಯಪುರದವನು. ಕಳೆದ ಜೂನ್‌ನಲ್ಲಿ ಔರಂಗಾಬಾದಿನಿಂದ (ಕೆಲ ಕಂಡಕ್ಟರುಗಳ ಬಾಯಲ್ಲಿ ಸಂಭಾಜಿನಗರದಿಂದ) ದೇವಳಾಲಿ ಕ್ಯಾಂಪಿಗೆ ಅವನ ವರ್ಗಾವಣೆಯಾಯಿತು. ಪತ್ನಿ ಮಂದಾಕಿನಿಯವರು ಔರಂಗಾಬಾದಿನ ಅಂಚೆ ಕಚೇರಿಯಲ್ಲಿ ನೌಕರರು, ಮಗಳು ರುಚಿತಾ ಹತ್ತನೇ ಇಯತ್ತೆ. ಕಾರಣ ಅವರಿಬ್ಬರೂ ಅಲ್ಲೇ ಉಳಿದರು. ಅಂದಿನಿಂದ ಫೋನಿನಲ್ಲಿ ಮಗಳ ಮಾತು ಮೂರೇ: “ಹಾಂ. ಜೇವಲೆ. ಆಈಲಾ ದೇತೆ.” ಅಂದರೆ ಹೌದು, ಊಟ ಆಯಿತು, ಅಮ್ಮನಿಗೆ ಕೊಡುತ್ತೇನೆ. ಬ್ಯಾಂಕಿಗೆ ಸಾಲ ಕೇಳಲು ಬಂದ ಅಪರಿಚಿತರೂ ಅರ್ಜಿದಾರನ ಜೊತೆ ಇದಕ್ಕಿಂತ ಹೆಚ್ಚು ಮಾತಾಡುತ್ತಾರೆ. ಇದು ಅವನಿಗೆ ಬಹಳ ನೋವಿನ ವಿಷಯ.

2. ಜುಲೈ 8ರಂದು ಔರಂಗಾಬಾದಿಗೆ ಹೋದಾಗ ಮಗಳು ಮೊಬೈಲಿನಲ್ಲಿ ತಮ್ಮ ಆಟ ಆಡುತ್ತ ಯಾರ ಜೊತೆಗೋ ನಕ್ಕು ನಕ್ಕು ಹರಟುತ್ತಿದ್ದಳು. ಅದೇ ಹುಡುಗಿ, ಅದೇ ಬಾಯಿ. ಅರ್ಜಿದಾರ ಬಾಗಿಲಲ್ಲಿ ನಿಂತು ಸುಮ್ಮನೆ ಕೇಳಿಸಿಕೊಂಡ. ಆಕೆ ತಲೆ ಎತ್ತಿ, ತನ್ನ ಎಂದಿನ ಮರಾಠಿ ಒಗ್ಗರಣೆಯ ಕನ್ನಡದಲ್ಲಿ, “ಪಪ್ಪಾ, ನೀವು ಪಣ್ ಖೇಳಾ ನಾ. ರವಿವಾರ ನಾಲ್ಕಕ್ಕ ಆನ್‌ಲೈನ್ ಯಾ, ಮೀ ಘೇತೀನಿ ಟೀಮ್‌ದಾಗ” ಅಂದಳು. ನೀವೂ ಆಡಿರಿ, ಐತವಾರ ನಾಲ್ಕಕ್ಕೆ ಬಂದರೆ ತಂಡಕ್ಕೆ ಸೇರಿಸಿಕೊಳ್ಳುತ್ತೇನೆ ಎಂದು ಇದರ ಅಧಿಕೃತ ಭಾಷಾಂತರ. ಪ್ರಮೋಷನ್ ಆರ್ಡರ್ ಬಂದ ದಿನವೂ ಅರ್ಜಿದಾರನಿಗೆ ಇಷ್ಟು ಖುಷಿ ಆಗಿರಲಿಲ್ಲ.

3. ಜುಲೈ 15, ಐತವಾರ, ಸರಿಯಾಗಿ ನಾಲ್ಕಕ್ಕೆ ಅರ್ಜಿದಾರ ಹಾಜರಾದ. ಮಗಳ ಸುಳಿವಿಲ್ಲ. ಬದಲಿಗೆ ನಾಲ್ಕು ಗಂಟೆ ಎರಡು ನಿಮಿಷಕ್ಕೆ ‘ಚುರಮುರಿ_28’ ಎಂಬ ಅಜ್ಞಾತ ವ್ಯಕ್ತಿಯಿಂದ ಗೆಳೆತನದ ಕೋರಿಕೆ ಬಂತು. ಜೊತೆಗೆ ಸ್ವಚ್ಛ ಕನ್ನಡ ಅಕ್ಷರಗಳಲ್ಲಿ ಒಂದು ಸಂದೇಶ: “ಪಪ್ಪಾ, ನಾನು ಬಂದೀನಿ. ಲಗೂನ ಸೇರಿಸಿಕೊಳ್ರಿ.”

ಹಿಂದಿನ ಶುಕ್ರವಾರವಷ್ಟೇ ವಂಚನೆ ತಡೆ ಕುರಿತು ಇಡೀ ಶಾಖೆಗೆ ಉಪನ್ಯಾಸ ಕೊಟ್ಟಿದ್ದ ಅರ್ಜಿದಾರ ಎಚ್ಚೆತ್ತುಕೊಂಡ. ಸುತ್ತೋಲೆ ಪ್ರಕಾರ ಗಡಿಬಿಡಿ ಮಾಡುವವರು ವಂಚಕರು. ಇವರು ‘ಲಗೂನ’ ಎಂದಿದ್ದಾರೆ. ಸುತ್ತೋಲೆ ಪ್ರಕಾರ ವಂಚಕರು ಮನೆಯ ಗುಟ್ಟು ಬಳಸುತ್ತಾರೆ; ಒಂದು ಕಡೆ ಕೂರದ ಮಗಳನ್ನು ಅರ್ಜಿದಾರ ಚಿಕ್ಕಂದಿನಲ್ಲಿ ಚುರಮುರಿ ಎಂದು ಕರೆಯುತ್ತಿದ್ದದ್ದು ಮನೆಯ ಮೂವರನ್ನು ಬಿಟ್ಟು ಯಾರಿಗೂ ತಿಳಿಯದು. ಇನ್ನು 28 ಎಂಬುದು ವಿಜಯಪುರದ ಗಾಡಿ ನಂಬರು. ಇಷ್ಟೆಲ್ಲ ಸರಿಯಾಗಿ ತಿಳಿದಿತ್ತು, ಆದ್ದರಿಂದಲೇ ಅನುಮಾನ ದೃಢವಾಯಿತು. ಮೇಲಾಗಿ ಅವನ ಮಗಳಿಗೆ ಕನ್ನಡ ಬರೆಯಲು ಬರುವುದಿಲ್ಲ. ಕಾರಣ “ಓಟಿಪಿ ಕೊಡೂದಿಲ್ಲ, ಬ್ಯಾರೆ ಕಡೆ ನೋಡ್ಕೊಳ್ರಿ” ಎಂದು ಉತ್ತರಿಸಿ, ಸದರಿ ವ್ಯಕ್ತಿಯನ್ನು ಬ್ಲಾಕ್ ಮಾಡಿ, ‘ವಂಚನೆ’ ಎಂಬ ಶೀರ್ಷಿಕೆಯಡಿ ದೂರು ದಾಖಲಿಸಿದ. ತಾವು ಅದೇ ದಿನ ಆ ಖಾತೆಯನ್ನು ಒಂದು ವಾರ ಅಮಾನತು ಮಾಡಿದ್ದು ಶ್ಲಾಘನೀಯ. ಇದೇ ಚುರುಕನ್ನು ಉಳಿದ ವಿಷಯದಲ್ಲೂ ತೋರಿದ್ದರೆ ಈ ಅರ್ಜಿಯ ಪ್ರಸಂಗವೇ ಬರುತ್ತಿರಲಿಲ್ಲ.

4. ತಮ್ಮ ಕಂಪ್ಯೂಟರಿನ ಸಲಹೆಗಳನ್ನು ಅರ್ಜಿದಾರ ಚಾಚೂ ತಪ್ಪದೆ ಪಾಲಿಸಿದ್ದಾನೆ.

ಅ) ಫೋನ್ ಬಂದ್ ಮಾಡಿ ಮತ್ತೆ ಶುರು ಮಾಡುವುದು: ನಲವತ್ತೊಂದು ಸಲ ಮಾಡಲಾಗಿದೆ. ರಿಜಿಸ್ಟರಿನಲ್ಲಿ ವೇಳೆ ಸಹಿತ ನಮೂದಾಗಿದೆ.

ಆ) ನೆಟ್ ಚೆನ್ನಾಗಿರುವ ಜಾಗದಲ್ಲಿ ಕೂರುವುದು: ಅಂಥ ಜಾಗ ಶೆಟ್ಟರ ಹೋಟೆಲಿನಲ್ಲಿ ದೋಸೆ ಹಂಚಿನ ಪಕ್ಕ ಮಾತ್ರ ಇದೆ. ಅಲ್ಲಿ ಕೂತು ಅರ್ಜಿದಾರ ಬೆವರಿದ್ದಾನೆ. ಒಮ್ಮೆ ಹೊರಗೆ ಮಿಲಿಟರಿಯವರ ತೋಪಿನ ಅಭ್ಯಾಸ ನಡೆದಿತ್ತು. ಆ ಸದ್ದು ಮೈಕಿನಲ್ಲಿ ಹೋಗಿ ಅವನ ತಂಡದ ಮೂವರೂ ಕೋಟೆ ಬಿಟ್ಟು ಓಡಿದರು. ಆ ದಿನ ಅರ್ಜಿದಾರ ಒಬ್ಬನೇ ಕೋಟೆ ಕಾದ, ಹನ್ನೊಂದು ಸೆಕೆಂಡು.

ಇ) ಪ್ರದೇಶದ ಆಯ್ಕೆ: ‘ಯಾವ ಪ್ರದೇಶದಲ್ಲಿ ಆಡಲು ಬಯಸುತ್ತೀರಿ’ ಎಂಬ ಪ್ರಶ್ನೆಗೆ ಅರ್ಜಿದಾರ ಎಲ್ಲ ಚೌಕಗಳಿಗೂ ಗುರುತು ಹಾಕಿದ್ದ. ಬ್ಯಾಂಕಿನಲ್ಲಿ ಇಂಥ ಊರೇ ಬೇಕೆಂದು ಬರೆದವನನ್ನು ಅದರ ಎದುರು ದಿಕ್ಕಿಗೆ ಕಳಿಸುತ್ತಾರೆಂದು ಸಣ್ಣ ಮಕ್ಕಳಿಗೂ ಗೊತ್ತು. ತಾವು ಮಾತ್ರ ಇದನ್ನು ನಿಜವೆಂದು ನಂಬಿ ಅವನನ್ನು ಬ್ರೆಜಿಲ್, ರಷ್ಯಾ, ಕೊರಿಯಾಗಳಿಗೆ ನಿಯೋಜಿಸಿದಿರಿ. ಒಬ್ಬ ರಷ್ಯದವನು ಪ್ರತಿ ಸಲ ಅರ್ಜಿದಾರ ಸತ್ತಾಗ ಏನೋ ಒಂದು ಮಾತು ಹೇಳುತ್ತಿದ್ದ. ಆಶೀರ್ವಾದ ಇರಬೇಕು ಎಂದು ಅರ್ಜಿದಾರ ಅಂದುಕೊಂಡಿದ್ದ. ಅಲ್ಲವಂತೆ. ಆಗಸ್ಟಿನಲ್ಲಿ ಪ್ರದೇಶ ಸರಿಪಡಿಸಲಾಯಿತು. ಮಗಳು ಆಗಲೂ ಸಿಗಲಿಲ್ಲ.

ಈ) ನಿಗದಿತ ವೇಳೆಗೆ ತಪ್ಪದೆ ಹಾಜರಿರುವುದು: ಔರಂಗಾಬಾದಿಗೆ ಹೋದರೆ ಐತವಾರ ನಾಲ್ಕಕ್ಕೆ ಮರಳುವ ಬಸ್ಸು ವೈಜಾಪುರದ ಆಸುಪಾಸಿನಲ್ಲಿರುತ್ತದೆ. ಅಲ್ಲಿ ನೆಟ್ ಸಿಗುವುದಿಲ್ಲ. ಆದ್ದರಿಂದ ಮಗಳ ಜೊತೆ ಆಡುವ ಸಲುವಾಗಿ ಅರ್ಜಿದಾರ ಮಗಳ ಹತ್ತಿರ ಹೋಗುವುದನ್ನೇ ಬಿಟ್ಟಿದ್ದಾನೆ.

5. ಆಟಗಾರರನ್ನು ದರ್ಜೆ ನೋಡಿ ಜೋಡಿಸುತ್ತೇವೆ ಎಂದು ತಮ್ಮ ಆರನೇ ಉತ್ತರ. ಅರ್ಜಿದಾರ ತಿಳಿದಂತೆ ಮಗಳದು ವಜ್ರ ದರ್ಜೆ, ಅರ್ಜಿದಾರನದು ಕಂಚು, ಅದರಲ್ಲೂ ಕಡೆಯ ಮೆಟ್ಟಿಲು. ಸೇವಾ ಹಿರಿತನ ಪರಿಗಣಿಸಬೇಕೆಂದು ಕೋರಿದ್ದಕ್ಕೆ ತಮ್ಮ ಏಳನೇ ಉತ್ತರ: ಗೆಳೆಯರ ಪಟ್ಟಿಯಲ್ಲಿದ್ದರೆ ದರ್ಜೆ ಅಡ್ಡ ಬರುವುದಿಲ್ಲ. ಕೂಡಲೇ ಆಧಾರ್ ಕಾರ್ಡಿನಲ್ಲಿರುವಂತೆ ‘ರುಚಿತಾ ಪ್ರಭಾಕರ ಗಲಗಲಿ’ ಎಂದು ಹುಡುಕಲಾಯಿತು. ಇಲ್ಲ. ಫೋನ್ ಮಾಡಿ, “ಆಟದಾಗ ನಿನ್ನ ಹೆಸರು ಏನವಾ?” ಎಂದು ಕೇಳಲಾಯಿತು. “ತುಮ್ಹಾಲಾ ಮಾಹೀತ್ ಆಹೆ,” ಅಂದಳು. ನಿಮಗೆ ಗೊತ್ತು. ಅಷ್ಟು ಹೇಳಿ ಫೋನ್ ಅಮ್ಮನಿಗೆ ಕೊಟ್ಟಳು.

6. ದೀಪಾವಳಿ ಮುಗಿದ ಮರುದಿನವೇ ಬೋರ್ಡ್ ಪರೀಕ್ಷೆಯ ನಿಮಿತ್ತ ರುಚಿತಾಳ ಮೊಬೈಲ್ ಕಪಾಟು ಸೇರುತ್ತದೆ ಎಂದು ಮಂದಾಕಿನಿಯವರ ಆದೇಶ. ಅದರ ಮೇಲೆ ಅಪೀಲಿಲ್ಲ. ಅಂದರೆ ಉಳಿದದ್ದು ಐದು ಐತವಾರ. ಹದಿನೈದು ವರ್ಷದ ಹುಡುಗಿ ಅಪ್ಪನನ್ನು ಆಟಕ್ಕೆ ಕರೆಯುವುದು ದಿನಾ ನಡೆಯುವ ಮಾತಲ್ಲ. ಈ ಸಲ ತಪ್ಪಿದರೆ ಮತ್ತೆ ಕರೆಯುತ್ತಾಳೆ ಎಂದು ಅರ್ಜಿದಾರನಿಗೆ ಅನ್ನಿಸುವುದಿಲ್ಲ.

7. ಮೇಲಿನ ಎಲ್ಲ ಕಾರಣಗಳಿಂದ ದೋಷವು ಸಂಪೂರ್ಣವಾಗಿ ತಮ್ಮ ಕಡೆಯದೇ ಎಂಬುದು ಸಂಶಯಾತೀತವಾಗಿ ಸಾಬೀತಾಗುತ್ತದೆ. ಆದ್ದರಿಂದ ತಮ್ಮ ವಿಭಾಗದ ಮೇಲೆ ಉಗ್ರ ಕ್ರಮ

(ಇಲ್ಲಿಗೆ ಬರವಣಿಗೆ ನಿಂತಿತು. ಬರೆದದ್ದನ್ನು ಹೊಡೆದು ಹಾಕುವ ಪದ್ಧತಿ ಅರ್ಜಿದಾರನ ಬ್ಯಾಂಕಿನಲ್ಲಿಲ್ಲ. ಕಾರಣ ಮೇಲಿನದೆಲ್ಲ ಹಾಗೇ ಇರತಕ್ಕದ್ದು, ಮುಂದಿನದನ್ನು ತಿದ್ದುಪಡಿ ಎಂದು ಓದತಕ್ಕದ್ದು. — ಪ್ರ. ವೆಂ. ಗ.)

8. ಸೆಪ್ಟೆಂಬರ್ 30ರ ಸಂಜೆ, ಹನ್ನೆರಡನೇ ಐತವಾರವೂ ಖಾಲಿ ಹೋದ ಮೇಲೆ, ಅರ್ಜಿದಾರ ಹೋಟೆಲಿನ ಮೇಜಿನ ಮೇಲೆ ಇದನ್ನು ಬರೆಯುತ್ತಿದ್ದಾಗ ಸುಧಾಕರ ಶೆಟ್ಟರು ಚಹಾ ಇಡಲು ಬಂದು ಓದತೊಡಗಿದರು. ಉಡುಪಿ ಕಡೆಯವರು, ಅಳತೆ ಮೀರಿ ಮಾತಾಡುವವರಲ್ಲ. ಮೂರನೇ ಅಂಶಕ್ಕೆ ಬಂದು ನಿಂತರು.

“ಅಲ್ಲ ಮಾರಾಯ್ರೆ, ಈ ಚುರಮುರಿ ಅಂದ್ರೆ ಯಾರು?”

“ಯಾವನೋ ಫ್ರಾಡ್ ರೀ.”

“ನಿಮ್ಮ ಮಗಳ ಮನೆ ಹೆಸರು ಚುರಮುರಿ ಅಂತ ನೀವೇ ಬರ್ದಿದ್ದೀರಿ. ನಿಮ್ಮೂರಿನ ನಂಬ್ರ ಉಂಟು. ಹೇಳಿದ ಟೈಮಿಗೇ ಬಂದಿದೆ. ಪಪ್ಪಾ ಅಂತ ಬೇರೆ ಕರ್ದಿದೆ. ಇದು ನಿಮ್ಮ ಮಗಳೇ ಅಲ್ವಾ?”

ಅರ್ಜಿದಾರ ಸುತ್ತೋಲೆಯನ್ನು ಉದ್ಧರಿಸಲು ಬಾಯಿ ತೆರೆದ. ತೆರೆದವನು ಮೂರನೇ ಅಂಶವನ್ನು ಮತ್ತೊಮ್ಮೆ ಓದಿದ. ಕಂಕುಳಲ್ಲಿ ಕೂಸಿಟ್ಟುಕೊಂಡು ಊರೆಲ್ಲ ಹುಡುಕಿದರಂತೆ ಎಂಬ ಗಾದೆಯಲ್ಲಿ ಕೂಸು ಕಂಕುಳಲ್ಲಾದರೂ ಇತ್ತು. ಇವನು ಕೂಸನ್ನು ಬ್ಲಾಕ್ ಮಾಡಿ, ಮೇಲೆ ದೂರನ್ನೂ ಕೊಟ್ಟು, ಬ್ರೆಜಿಲ್ಲಿನಲ್ಲಿ ಹುಡುಕುತ್ತಿದ್ದ. ಶೆಟ್ಟರು ಚಹಾಕ್ಕೆ ಇನ್ನೊಂದು ಚಮಚ ಸಕ್ಕರೆ ಹಾಕಿ ಹೋದರು.

ಮಂದಾಕಿನಿಯವರಿಗೆ ಫೋನ್ ಮಾಡಲಾಯಿತು.

“ಈಗರ ಗೊತ್ತಾತಲ್ಲ,” ಅಂದರು ಅವರು. “ಎರಡೂವರಿ ತಿಂಗಳಾತ್ರಿ. ಹೇಳಬ್ಯಾಡಂತ ನನಗ ಆಣಿ ಹಾಕ್ಯಾಳ. ಪಪ್ಪಾ ತಾವಾಗಿ ಗುರುತು ಹಿಡೀಲಿ ಅಂತ ಕೂತಾಳ. ನಿಮ್ಮದಽ ಹಟ ಅದು, ನಮ್ಮ ಮನಿತನದ್ದಲ್ಲ.”

“ಆಕಿಗೆ ಕನ್ನಡ ಬರಿಯಾಕ ಬರೂದಿಲ್ಲಲ್ಲ?”

“ಆ ಒಂದ ಸಾಲಿಗೆ ಒಂದ ವಾರ ನನ್ನ ಜೀವಾ ತಿಂದಾಳ. ಪಪ್ಪಾಗ ಸರ್‌ಪ್ರೈಸ್ ಅಂತ. ನೀವು ಓಟಿಪಿ ಕೊಡೂದಿಲ್ಲ ಅಂದ್ರಿ.”

ಅರ್ಜಿದಾರ ಆಟ ತೆರೆದು ಬ್ಲಾಕ್ ಮಾಡಿದವರ ಪಟ್ಟಿ ಹುಡುಕತೊಡಗಿದ. ಚಹಾ ಆರಿತು.

9. ಬ್ಲಾಕ್ ತೆಗೆಯಲು ಹೋದರೆ ತಮ್ಮ ಕಂಪ್ಯೂಟರ್ ಒಪ್ಪಲಿಲ್ಲ. ವಂಚನೆಯ ದೂರಿದ್ದರೆ ದೂರುದಾರನೇ ಲಿಖಿತವಾಗಿ ಹಿಂಪಡೆಯಬೇಕು, ಎದುರುದಾರರ ಒಪ್ಪಿಗೆಯೂ ಬೇಕಂತೆ. ಇಂಥ ನಿಯಮ ಮಾಡಿದವರನ್ನು ಅರ್ಜಿದಾರ ಬೇರೆ ಯಾವ ದಿನವಾದರೂ ಮೆಚ್ಚುತ್ತಿದ್ದ. ಸದರಿ ಒಪ್ಪಿಗೆಗಾಗಿ ಅಕ್ಟೋಬರ್ 2ರ ಗಾಂಧಿ ಜಯಂತಿ ರಜೆಯಂದು ಮೊದಲ ಬಸ್ಸು ಹಿಡಿದು ಔರಂಗಾಬಾದಿನ ಮನೆಗೆ ಹೋದ.

ಬಾಗಿಲು ನಾಲ್ಕು ಬೆರಳಷ್ಟು ತೆರೆಯಿತು. ಸರಪಳಿ ಹಾಕಿಯೇ ಇತ್ತು. ಒಳಗಿನಿಂದ ಒಂದು ಕಣ್ಣು ಕಂಡಿತು.

“ಕೋಣ?” ಅಂದರೆ, ಯಾರು?

“ನಾನವಾ, ಪಪ್ಪಾ.”

“ಅಸಾ ಎಲ್ಲಾರೂ ಹೇಳ್ತಾರ. ಐಡಿ ದಾಖವಾ.”

ಅರ್ಜಿದಾರ ಬ್ಯಾಂಕಿನ ಗುರುತಿನ ಚೀಟಿ ತೋರಿಸಿದ. ಫೋಟೋ ಹಳೆಯದು, ಕೂದಲು ಜಾಸ್ತಿ ಇದೆ, ನಡೆಯುವುದಿಲ್ಲ ಎಂದಳು. ಚೀಲದಲ್ಲಿ ಸದಾ ಇರುವ ಆಧಾರ್ ನಕಲು ತೆಗೆದು, ಸ್ವಯಂ ದೃಢೀಕರಿಸಿ, ಸಂದಿಯಲ್ಲಿ ತೂರಿಸಿದ. ಬಾಗಿಲು ಮುಚ್ಚಿತು. ಎದುರು ಮನೆಯವರು ನೋಡಿದರು; ಅರ್ಜಿದಾರ ಮೆಟ್ಟಿಲ ಮೇಲೆ ಕೂತು ಅವರಿಗೆ ನಮಸ್ಕಾರ ಹೇಳಿದ. ಐದು ನಿಮಿಷದ ಮೇಲೆ ಮತ್ತೆ ಸಂದಿಯಾಯಿತು.

“ಓಟಿಪಿ?”

“ಚುರಮುರಿ,” ಅಂದ ಅರ್ಜಿದಾರ. “ತಪ್ಪಾತವಾ. ನನ್ನ ಮಗಳು ಕನ್ನಡದಾಗ ಬರೀತಾಳಂತ ನನಗ ಅನಿಸಲೇ ಇಲ್ಲ.”

ಸರಪಳಿ ಸರಿಯಿತು. ಮಗಳು ಅಪ್ಪನ ಚೀಲ ತೆಗೆದುಕೊಂಡು, “ತುಮ್ಚ್ಯಾಮುಳೆ ವಜ್ರದಿಂದ ಬೆಳ್ಳಿಗೆ ಬಂದೆ ಮೀ. ಮೂರು ತಾಸು ರಡಲೆ,” ಅಂದಳು. ಅಪ್ಪನ ದೂರಿನಿಂದಾಗಿ ದರ್ಜೆ ಇಳಿದು ಮೂರು ತಾಸು ಅತ್ತಳಂತೆ. ಹಾಗೆ ಹೇಳುತ್ತ ನಗುತ್ತಿದ್ದಳು. ನಾನು (ತಿದ್ದುಪಡಿ: ಅರ್ಜಿದಾರ — ಪ್ರ. ವೆಂ. ಗ.) ಆ ನಗೆಯನ್ನು ಕೇಳಿ ಎಷ್ಟೋ ತಿಂಗಳಾಗಿತ್ತು.

10. ಆದ್ದರಿಂದ ಮಾನ್ಯರಲ್ಲಿ ಪ್ರಾರ್ಥನೆ:

ದಿ. 15-7-2018ರ ದೂರನ್ನು ಅರ್ಜಿದಾರ ಬೇಷರತ್ತಾಗಿ ಹಿಂಪಡೆದಿದ್ದಾನೆ, ಬ್ಲಾಕ್ ತೆಗೆಯಬೇಕು. ಚುರಮುರಿ_28 ಖಾತೆಗೆ ಅದರ ವಜ್ರ ಮರಳಿ ಕೊಡಬೇಕು. ಸರಿತೂಗಿಸಲು ಬೇಕಿದ್ದರೆ ಅರ್ಜಿದಾರನನ್ನು ಕಂಚಿನಿಂದಲೂ ಕೆಳಗಿಳಿಸಬಹುದು, ಅದಕ್ಕೆ ಹೊಸ ದರ್ಜೆ ಸೃಷ್ಟಿಸಿದರೂ ಸರಿ. ಬರುವ ಐತವಾರ ನಾಲ್ಕಕ್ಕೆ ಇಬ್ಬರನ್ನೂ ಒಂದೇ ತಂಡದಲ್ಲಿ ಜೋಡಿಸಬೇಕು. ಆ ತಂಡದಲ್ಲಿ ಜಾಗವಿಲ್ಲದಿದ್ದರೆ ಎದುರು ತಂಡದಲ್ಲಾದರೂ ಹಾಕಬೇಕು. ಮಗಳ ಗುಂಡಿಗೆ ಸಾಯಲು ಅರ್ಜಿದಾರನ ಅಭ್ಯಂತರವಿಲ್ಲ. ಆಕೆ ಅದನ್ನು ಎದುರು ನೋಡುತ್ತಿದ್ದಾಳೆಂದು ತಿಳಿದುಬಂದಿದೆ.

ಅನುಮಾನದ ಕಾಯಿಲೆಯಿಂದ ನಿಧಾನವಾಗಿ ಗುಣಮುಖನಾಗುತ್ತಿರುವ,
ತಮ್ಮ ವಿಶ್ವಾಸಿ,
ಪ್ರಭಾಕರ ವೆಂಕಟೇಶ ಗಲಗಲಿ

ಸ್ಥಳ: ಏಳನೇ ಅಂಶದವರೆಗೆ ದೇವಳಾಲಿ ಕ್ಯಾಂಪ್, ಎಂಟರಿಂದ ಔರಂಗಾಬಾದ್
ದಿನಾಂಕ: 2-10-2018
(ನಾಳೆ ಮಂದಾಕಿನಿಯವರ ಕೈಯಿಂದಲೇ ಸ್ಪೀಡ್ ಪೋಸ್ಟ್)

ಲಗತ್ತುಗಳು:
1) ಫೋನ್ ಬಂದ್ ಮಾಡಿ ತೆರೆದ ರಿಜಿಸ್ಟರಿನ ನಕಲು, ಮೂರು ಪುಟ.
2) ಸುತ್ತೋಲೆಯ ಪ್ರತಿ. ತಮಗೆ ಉಪಯೋಗವಾದರೆ ಇಟ್ಟುಕೊಳ್ಳಬಹುದು.
3) ಎದುರುದಾರರ ಒಪ್ಪಿಗೆ ಪತ್ರ. ಸಾಲೆಯ ನೋಟ್‌ಬುಕ್ಕಿನ ಹಾಳೆ, ಕೈಬರಹ, ಕನ್ನಡ. ಒಕ್ಕಣೆ: “ಇವರು ನನ್ನ ಪಪ್ಪಾ. ಫ್ರಾಡ್ ಅಲ್ಲ. ಲಗೂನ ಸೇರಿಸಿಕೊಳ್ರಿ.”

ವಿ.ಸೂ.: ಲಗತ್ತು 3ನ್ನು ಕೆಲಸ ಮುಗಿದ ಕೂಡಲೇ ಮಡಚದೆ ಹಿಂದಿರುಗಿಸಬೇಕು. ಅದು ಅರ್ಜಿದಾರನ ಖಾಯಂ ದಾಖಲೆಗೆ ಬೇಕಾಗಿದೆ.